ಕಲ್ಲೊಳಗಿನ ಜೀವಿಗಳ ನಾಮಕರಣ: ಬರಾಂದ್ ಎಂಬ ಎಂಜಿನಿಯರ್‌ನ ಅರ್ಧ ಶತಮಾನ

ಪ್ರಾಗ್ ನಗರದ ದಕ್ಷಿಣಕ್ಕೆ, ವ್ಲತಾವಾ ನದಿಯ ಎಡದಂಡೆಯ ಮೇಲೆ, ಸುಣ್ಣಕಲ್ಲಿನ ಕಡಿದಾದ ಬಂಡೆಯೊಂದಿದೆ. ಅದರ ಮೈಗೆ 1884ರಲ್ಲಿ ಜಡಿದ ದೊಡ್ಡ ಫಲಕದ ಮೇಲೆ ಬರಾಂದ್ ಎಂಬ ಹೆಸರಿದೆ. ಬಂಡೆಯ ಮೇಲ್ಭಾಗದಲ್ಲಿ ಎದ್ದ ಬಡಾವಣೆಗೆ 1928ರಲ್ಲಿ ಬರಾಂದೊವ್ ಎಂಬ ಹೆಸರು ಬಂತು. 1930ರ ದಶಕದಲ್ಲಿ ಅಲ್ಲಿಯೇ ಸ್ಥಾಪನೆಯಾದ ಚಿತ್ರೀಕರಣ ಸ್ಟುಡಿಯೋ ಇಂದು ಯುರೋಪಿನ ಹೆಸರಾಂತ ಸ್ಟುಡಿಯೋಗಳಲ್ಲೊಂದು. ಕೆಳಗೆ ನದಿಯನ್ನು ದಾಟಿಸುವ ಸೇತುವೆಯದೂ ಅದೇ ಹೆಸರು. ಒಂದು ರೀತಿಯಲ್ಲಿ ಅದು ಉಚಿತವೇ. ಏಕೆಂದರೆ ಜೋಕಿಂ ಬರಾಂದ್ ಕಲಿತದ್ದು ಸೇತುವೆ, ರಸ್ತೆಗಳ ಎಂಜಿನಿಯರಿಂಗ್. ಹೆಸರು ಉಳಿದದ್ದು ಮಾತ್ರ ಬೇರೆಯೇ ಕೆಲಸದಿಂದ. ಐವತ್ತು ಕೋಟಿ ವರ್ಷಗಳ ಹಿಂದೆ ಸಮುದ್ರದ ತಳದಲ್ಲಿ ಹರಿದಾಡಿದ್ದ ಟ್ರೈಲೋಬೈಟ್ ಎಂಬ ಜೀವಿಗಳಿಗೆ ಹೆಸರಿಟ್ಟು, ಅವುಗಳನ್ನು ವರ್ಗೀಕರಿಸುವ ಕೆಲಸದಲ್ಲಿ ಆತ ತನ್ನ ಬದುಕಿನ ಅರ್ಧ ಶತಮಾನವನ್ನು ಕಳೆದ. ಆತ ಚೆಕ್ ದೇಶದವನಲ್ಲ. ರಾಜಮನೆತನವೊಂದರ ಬೆನ್ನು ಹತ್ತಿ ಅಲ್ಲಿಗೆ ಬಂದು, ಅಲ್ಲಿಯೇ ನೆಲೆನಿಂತ ಫ್ರೆಂಚ್ ವಲಸಿಗ.

ಬರಾಂದ್ ಜನಿಸಿದ್ದು 1799ರ ಆಗಸ್ಟ್ 11ರಂದು, ದಕ್ಷಿಣ ಫ್ರಾನ್ಸಿನ ಸೋಗ್ ಎಂಬ ಊರಿನಲ್ಲಿ. ಪ್ಯಾರಿಸ್ಸಿನ ಎಕೋಲ್ ಪಾಲಿಟೆಕ್ನಿಕ್‌ನಲ್ಲಿ ವ್ಯಾಸಂಗ ಮಾಡಿ, ಬಳಿಕ ಸೇತುವೆ ಮತ್ತು ರಸ್ತೆಗಳ ಶಾಲೆಯಿಂದ 1824ರಲ್ಲಿ ಹೊರಬಂದ. ಸರ್ಕಾರಿ ಎಂಜಿನಿಯರ್ ಹುದ್ದೆಯೂ ದೊರೆಯಿತು. ಆತನ ಪ್ರತಿಭೆ ರಾಜಮನೆತನದ ಕಣ್ಣಿಗೆ ಬಿದ್ದು, ದೊರೆ ಹತ್ತನೆಯ ಚಾರ್ಲ್ಸ್‌ನ ಮೊಮ್ಮಗನಿಗೆ ವಿಜ್ಞಾನ ಹೇಳಿಕೊಡುವ ಗುರುವಾಗಿ ನೇಮಕಗೊಂಡ. 1820ರಲ್ಲಿ ಹುಟ್ಟಿದ ಆ ಬಾಲಕ ಮುಂದೆ ಶಾಂಬೋರ್‌ನ ಕೌಂಟ್ ಎಂದು ಪ್ರಸಿದ್ಧನಾದ.

1830ರ ಜುಲೈ ಕ್ರಾಂತಿ ಎಲ್ಲವನ್ನೂ ತಲೆಕೆಳಗು ಮಾಡಿತು. ಚಾರ್ಲ್ಸ್ ಸಿಂಹಾಸನ ಬಿಟ್ಟು, ಕುಟುಂಬದೊಂದಿಗೆ ಮೊದಲು ಬ್ರಿಟನ್ನಿಗೆ, 1832ರಲ್ಲಿ ಪ್ರಾಗ್‌ಗೆ ಬಂದ. ಗುರುವೂ ಜತೆಗಿದ್ದ. ಪ್ರಾಗ್ ಕೋಟೆಯಲ್ಲಿ ದಿನ ಕಳೆಯುತ್ತಿದ್ದ ಆ ದೇಶಭ್ರಷ್ಟ ಆಸ್ಥಾನದಲ್ಲಿ ಒಳಜಗಳಗಳಿಗೇನೂ ಕೊರತೆ ಇರಲಿಲ್ಲ. ಹೊಸ ಶಿಕ್ಷಕರ ತಂಡ ಬಂದು, 1833ರ ಸುಮಾರಿಗೆ ಬರಾಂದ್‌ನ ಹುದ್ದೆ ಕೊನೆಗೊಂಡಿತು. ಮೂರು ವರ್ಷಗಳ ಬಳಿಕ ರಾಜಪರಿವಾರ ಪ್ರಾಗ್ ತೊರೆದರೂ ಆತ ತೊರೆಯಲಿಲ್ಲ. ಶಿಷ್ಯನೊಂದಿಗಿನ ಸಂಬಂಧ ಮಾತ್ರ ಕಡಿಯಲಿಲ್ಲ. ಆ ಸಂಬಂಧವೇ ಮುಂದೆ ಒಂದು ವಿಜ್ಞಾನದ ಖರ್ಚನ್ನು ಹೊತ್ತಿತು.

ರೈಲುಹಾದಿಯ ಬದಿಯಲ್ಲಿ

ಬೊಹೆಮಿಯಾದ ರಾಷ್ಟ್ರೀಯ ವಸ್ತುಸಂಗ್ರಹಾಲಯದ ಸ್ಥಾಪಕರಲ್ಲಿ ಒಬ್ಬನಾದ ಕೌಂಟ್ ಕಾಸ್ಪರ್ ಸ್ಟೆರ್ನ್‌ಬರ್ಗ್ ಸಸ್ಯ ಪಳೆಯುಳಿಕೆಗಳ ತಜ್ಞ. ಕೆಲಸವಿಲ್ಲದ ಫ್ರೆಂಚ್ ಎಂಜಿನಿಯರ್‌ನನ್ನು ಆತ ಒಂದು ರೈಲುಹಾದಿಯ ಸರ್ವೆಗೆ ಶಿಫಾರಸು ಮಾಡಿದ. ಉಗಿಬಂಡಿಯ ಹಾದಿಯಲ್ಲ, ಕುದುರೆಗಳು ಎಳೆಯುವ ಗಾಡಿಗಳ ಹಾದಿ. ಪ್ರಾಗ್ ಕಡೆಯಿಂದ ಹೊರಟಿದ್ದ ಆ ಹಳಿಯನ್ನು ಪಶ್ಚಿಮದ ಕಲ್ಲಿದ್ದಲು ಗಣಿಗಳವರೆಗೆ ಒಯ್ಯುವ ಯೋಜನೆ ಅದಾಗಿತ್ತು. ಬೆರೌಂಕಾ ನದಿ ಕಣಿವೆಯ ಸ್ಕ್ರಿಯೆ ಎಂಬ ಹಳ್ಳಿಯ ಸುತ್ತ ಅಳತೆ ಮಾಡುತ್ತಿದ್ದಾಗ ಬರಾಂದ್‌ನ ಗಮನ ಸೆಳೆದದ್ದು ಅಲ್ಲಿನ ಕಲ್ಲುಗಳಲ್ಲಿದ್ದ ಟ್ರೈಲೋಬೈಟ್‌ಗಳು.

ಟ್ರೈಲೋಬೈಟ್ ಎಂದರೇನು? ಏಡಿ, ಚೇಳು, ಕೀಟಗಳಂತೆ ಅದೂ ಸಂಧಿಪದಿಗಳ ವಂಶಕ್ಕೆ ಸೇರಿದ್ದು. ಸುಮಾರು 52 ಕೋಟಿ ವರ್ಷಗಳ ಹಿಂದೆ ಕಾಣಿಸಿಕೊಂಡು, ಸುಮಾರು 25 ಕೋಟಿ ವರ್ಷಗಳ ಹಿಂದೆ ಸಂಪೂರ್ಣ ಅಳಿಯಿತು. ಬೆನ್ನಿನ ಗಟ್ಟಿ ಕವಚದ ಮೇಲೆ ತಲೆಯಿಂದ ಬಾಲದವರೆಗೆ ಓಡುವ ಎರಡು ತೋಡುಗಳು ದೇಹವನ್ನು ನಡುವಿನ ದಿಂಡು, ಎಡಬಲದ ಎರಡು ಪಕ್ಕೆಗಳು ಎಂದು ಮೂರು ಪಾಲು ಮಾಡುತ್ತವೆ. ಹೆಸರಿನಲ್ಲಿರುವ ಮೂರು ಅದೇ. ಅಪಾಯ ಕಂಡರೆ ಸಹಸ್ರಪದಿಯಂತೆ ಸುರುಳಿ ಸುತ್ತಿಕೊಳ್ಳುವ ಬಗೆಗಳೂ ಅದರಲ್ಲಿದ್ದವು. ಬೆಳೆಯುತ್ತ ಹೋದಂತೆ ಹಳೆಯ ಕವಚವನ್ನು ಕಳಚಿ ಹೊಸದನ್ನು ತೊಡುವುದು ಅದರ ಪದ್ಧತಿ. ಹೀಗಾಗಿ ಕಲ್ಲಿನಲ್ಲಿ ಇಡೀ ಜೀವಿ ಸಿಗುವುದಕ್ಕಿಂತ ತಲೆ ಒಂದು ಕಡೆ, ಬಾಲ ಒಂದು ಕಡೆ ಸಿಗುವುದೇ ಹೆಚ್ಚು. ಹೆಸರಿಡುವವರ ತಲೆನೋವು ಶುರುವಾಗುವುದು ಇಲ್ಲಿಂದ.

ಬರಾಂದ್ ಬರುವ ಮೊದಲೇ ಈ ಜೀವಿಗೆ ಹಲವು ಹೆಸರುಗಳು ಬಂದುಹೋಗಿದ್ದವು. ವೇಲ್ಸ್‌ನಲ್ಲಿ 17ನೆಯ ಶತಮಾನದ ಕೊನೆಗೆ ಇಂಥದ್ದೊಂದನ್ನು ಕಂಡ ಎಡ್ವರ್ಡ್ ಲ್ಯೂಯಿಡ್ ಅದನ್ನು ಚಪ್ಪಟೆ ಮೀನಿನ ಅಸ್ಥಿಪಂಜರವೆಂದೇ ಭಾವಿಸಿದ್ದ. ಲಿನೇಯಸ್ ಅದನ್ನು ಕಲ್ಲಾದ ಕೀಟಗಳ ಸಾಲಿಗೆ ಸೇರಿಸಿದ. ಟ್ರೈಲೋಬೈಟ್ ಎಂಬ ಹೆಸರನ್ನು 1771ರಲ್ಲಿ ಬಳಕೆಗೆ ತಂದವನು ಜರ್ಮನಿಯ ಯೋಹಾನ್ ವಾಲ್ಖ್. 1822ರಲ್ಲಿ ಫ್ರಾನ್ಸಿನ ಅಲೆಕ್ಸಾಂಡರ್ ಬ್ರೊನ್ಯಾರ್ ಇವುಗಳನ್ನು ಐದು ಜಾತಿಗಳಾಗಿ ವಿಂಗಡಿಸಿದ. ಐದೇ ಐದು! ಅದರ ಮೇಲೆ ಸ್ವೀಡನ್, ಜರ್ಮನಿಗಳ ವಿದ್ವಾಂಸರು ತಮ್ಮ ತಮ್ಮ ಪಟ್ಟಿಗಳನ್ನು ಪೇರಿಸುತ್ತಿದ್ದರು.

1839ರಲ್ಲಿ ಬ್ರಿಟನ್ನಿನ ಮರ್ಚಿಸನ್ ಸೈಲೂರಿಯನ್ ಶಿಲಾಸ್ತರಗಳ ಕುರಿತ ಬೃಹತ್ ಗ್ರಂಥವನ್ನು ಹೊರತಂದ. ಅದನ್ನು ಓದಿದ ಬರಾಂದ್‌ಗೆ ತನ್ನ ಕಾಲಡಿಯಲ್ಲಿರುವುದೂ ಅದೇ ಬಗೆಯ ಸ್ತರಗಳೆಂಬುದು ಹೊಳೆಯಿತು. ಆಮೇಲೆ ಆತ ಹಿಂತಿರುಗಿ ನೋಡಲಿಲ್ಲ. ಕೂಲಿಯಾಳುಗಳನ್ನಿಟ್ಟು, ಪಳೆಯುಳಿಕೆಗಳಿಗೆಂದೇ ಕಲ್ಲುಗಣಿ ತೆಗೆಸಿದ. ಕೆಲಸಗಾರರೊಂದಿಗೆ ಮಾತನಾಡಲು ಚೆಕ್ ಭಾಷೆ ಕಲಿತ. ಪ್ರಾಗ್‌ನಲ್ಲಿ ಆಗ ಮೇಲ್ವರ್ಗದವರ ನುಡಿ ಜರ್ಮನ್. ಹಳ್ಳಿಗರ ಭಾಷೆಯನ್ನು ಕಲಿಯುವ ಗೊಡವೆಗೆ ಹೋಗುವ ವಿದೇಶಿ ವಿದ್ವಾಂಸರು ಕಡಿಮೆ ಇದ್ದ ಕಾಲವದು. ಮದುವೆಯಾಗದ ಬರಾಂದ್‌ನ ಮನೆಗೆಲಸ ನೋಡಿಕೊಳ್ಳುತ್ತಿದ್ದವಳು ಬಾರ್ಬೊರಾ ನೆರೂದೋವಾ, ಮುದ್ದಿನ ಹೆಸರು ಬಾಬಿಂಕಾ. ಆಕೆಯ ಮಗ ಯಾನ್ ನೆರೂದಾ ಮುಂದೆ ಚೆಕ್ ಸಾಹಿತ್ಯದ ದೊಡ್ಡ ಕವಿಯಾದ. ಚಿಲಿಯ ಪಾಬ್ಲೊ ನೆರೂದಾ ತನ್ನ ಕಾವ್ಯನಾಮವನ್ನು ಈತನಿಂದಲೇ ಪಡೆದನೆಂಬ ಮಾತೂ ಉಂಟು. ಬರಾಂದ್ 1881ರಲ್ಲಿ ಚಿಪ್ಪುಜೀವಿಗಳ ಪಳೆಯುಳಿಕೆಗಳಿಗೆ ಹೆಸರಿಡುವಾಗ ಲ್ಯಾಟಿನ್, ಗ್ರೀಕ್‌ಗಳನ್ನು ಬದಿಗಿಟ್ಟು ಚೆಕ್ ಮಾತುಗಳನ್ನೇ ಎತ್ತಿಕೊಂಡ. ಪನೆಂಕಾ, ಅಂದರೆ ಕನ್ಯೆ. ಮಮಿಂಕಾ, ಅಂದರೆ ಅಮ್ಮ. ಕ್ರಾಲೊವ್ನಾ, ಅಂದರೆ ರಾಣಿ. ಇನ್ನೊಂದು ಜಾತಿಯ ಹೆಸರು ಬಾಬಿಂಕಾ! ಈ ಹೆಸರುಗಳು ಇಂದಿಗೂ ವಿಜ್ಞಾನದ ದಾಖಲೆಯಲ್ಲಿವೆ.

ಇಬ್ಬರು, ಒಂದೇ ಕಲ್ಲು

ಟ್ರೈಲೋಬೈಟ್‌ಗಳ ವಿಷಯದಲ್ಲಿ ಮಾತ್ರ ನಾಮಕರಣ ಇಷ್ಟು ಸರಾಗವಾಗಿ ನಡೆಯಲಿಲ್ಲ. ಪ್ರಾಗ್‌ನಲ್ಲಿಯೇ ಒಬ್ಬ ಪ್ರತಿಸ್ಪರ್ಧಿ ಇದ್ದ. ಆತ ಆಗಸ್ಟ್ ಕೊರ್ಡಾ, ಶಿಲೀಂಧ್ರಗಳ ಅಧ್ಯಯನದಲ್ಲಿ ಆಗಲೇ ಹೆಸರು ಮಾಡಿದ್ದವನು, ರಾಷ್ಟ್ರೀಯ ವಸ್ತುಸಂಗ್ರಹಾಲಯದ ಪಾಲಕ. ವಿಚಿತ್ರವೆಂದರೆ ಆತನನ್ನು ಕರೆತಂದು ಪೋಷಿಸಿದವನೂ ಅದೇ ಸ್ಟೆರ್ನ್‌ಬರ್ಗ್. ಬರಾಂದ್ 1846ರಲ್ಲಿ ಬೊಹೆಮಿಯಾದ ಟ್ರೈಲೋಬೈಟ್‌ಗಳ ಕುರಿತ ಪ್ರಾಥಮಿಕ ಟಿಪ್ಪಣಿಯನ್ನು ಲೈಪ್‌ಜಿಗ್‌ನಲ್ಲಿ ಪ್ರಕಟಿಸಿದ. ಮರುವರ್ಷವೇ, 1847ರಲ್ಲಿ, ಸಂಗ್ರಾಹಕ ಇಗ್ನಾಜ್ ಹಾವ್ಲೆಯೊಂದಿಗೆ ಸೇರಿ ಕೊರ್ಡಾ ಅದೇ ವಿಷಯದ ಮೇಲೆ ತನ್ನ ಗ್ರಂಥವನ್ನು ಹೊರತಂದ. ಅದರಲ್ಲಿ ಹೊಸ ಹೆಸರುಗಳ ಸುರಿಮಳೆ. ಒಂದೇ ಜೀವಿಗೆ ಇಬ್ಬರಿಟ್ಟ ಎರಡೆರಡು ಹೆಸರುಗಳು ಚಲಾವಣೆಗೆ ಬಂದವು.

ಜೀವಿಗಳ ನಾಮಕರಣದಲ್ಲಿ ಒಂದು ಕಟ್ಟುನಿಟ್ಟಿನ ನಿಯಮವಿದೆ. ಯಾರು ಮೊದಲು ಸರಿಯಾಗಿ ಪ್ರಕಟಿಸುತ್ತಾರೋ ಅವರ ಹೆಸರೇ ನಿಲ್ಲಬೇಕು. 1842ರಲ್ಲಿ ಬ್ರಿಟನ್ನಿನಲ್ಲಿ ಸ್ಟ್ರಿಕ್‌ಲ್ಯಾಂಡ್ ಮುಂತಾದವರು ರೂಪಿಸಿದ ನಿಯಮಾವಳಿ ಇದನ್ನು ಸ್ಪಷ್ಟವಾಗಿ ಮುಂದಿಟ್ಟಿತು. ಹೆಸರಿಟ್ಟವನು ಬುದ್ಧಿವಂತನೇ, ಆತನ ವಿವರಣೆ ಸೊಗಸಾಗಿದೆಯೇ ಎಂಬುದೆಲ್ಲ ಅಲ್ಲಿ ಲೆಕ್ಕಕ್ಕಿಲ್ಲ. ಪ್ರಕಟಣೆಯ ದಿನಾಂಕವೇ ಮುಖ್ಯ. ಬರಾಂದ್‌ಗೆ ಇದು ಕಹಿಯಾಗಿತ್ತು. ಕೊರ್ಡಾನ ಕೆಲಸ ಅವಸರದ್ದು, ಸಣ್ಣಪುಟ್ಟ ವ್ಯತ್ಯಾಸಗಳಿಗೆಲ್ಲ ಹೊಸ ಹೆಸರು ಕೊಡುವಂಥದ್ದು ಎಂಬ ಆತನ ದೂರಿನಲ್ಲಿ ಹುರುಳಿತ್ತು. ಆದರೆ ದೂರಿನಲ್ಲಿ ಹುರುಳಿದೆ ಎಂದ ಮಾತ್ರಕ್ಕೆ ಹಕ್ಕು ಬದಲಾಗುವುದಿಲ್ಲ.

ಆ ಹುರುಳನ್ನು ಸಾಬೀತುಪಡಿಸಿದ ಬಗೆಯೇ ಬರಾಂದ್‌ನ ಅತಿ ದೊಡ್ಡ ಸಾಧನೆ ಎನ್ನಬೇಕು. ಆತ 1846ರಲ್ಲಿ ಸಾವೊ ಹಿರ್ಸೂಟಾ ಎಂದು ಹೆಸರಿಸಿದ್ದ ಟ್ರೈಲೋಬೈಟ್ ಸ್ಕ್ರಿಯೆಯ ಕಲ್ಲುಗಳಲ್ಲಿ ಹೇರಳವಾಗಿ ಸಿಗುತ್ತಿತ್ತು. ದೊಡ್ಡದು, ಚಿಕ್ಕದು, ಬರಿಗಣ್ಣಿಗೆ ಚುಕ್ಕಿಯಂತೆ ಕಾಣುವಂಥದ್ದು, ಎಲ್ಲವನ್ನೂ ಆತ ಅಳತೆಯ ಪ್ರಕಾರ ಸಾಲಾಗಿ ಜೋಡಿಸಿದ. ಮೊದಲಿನದು ಒಂದು ಮಿಲಿಮೀಟರೂ ಇಲ್ಲದ ದುಂಡು ಬಿಲ್ಲೆ. ಮುಂದಿನ ಹಂತದಲ್ಲಿ ತಲೆ, ಬಾಲ ಬೇರೆಯಾಗುತ್ತವೆ. ಆಮೇಲೆ ನಡುವೆ ಒಂದೊಂದೇ ಖಂಡ ಸೇರುತ್ತ ಹೋಗುತ್ತದೆ. ಹೀಗೆ ಸುಮಾರು ಇಪ್ಪತ್ತು ಹಂತಗಳು. 1849ರಲ್ಲಿ ಇದನ್ನು ಪ್ರಕಟಿಸಿದಾಗ, ಕೋಟ್ಯಂತರ ವರ್ಷಗಳ ಹಿಂದೆ ಅಳಿದ ಜೀವಿಯೊಂದು ಮರಿಯಿಂದ ಪ್ರೌಢಾವಸ್ಥೆಗೆ ಬೆಳೆದ ಪರಿ ಕಲ್ಲಿನಲ್ಲಿ ಬಿಡಿಬಿಡಿಯಾಗಿ ಬಿಡಿಸಿಟ್ಟಂತಾಯಿತು. ಕೊರ್ಡಾ ಬೇರೆ ಬೇರೆ ಜಾತಿ, ಬೇರೆ ಬೇರೆ ಪ್ರಭೇದಗಳೆಂದು ಹೆಸರಿಟ್ಟಿದ್ದ ಹಲವು ಜೀವಿಗಳು ಈ ಒಂದೇ ಸಾಲಿನ ಹಸುಳೆ, ಬಾಲಕ, ತರುಣರೆಂಬುದು ಬಯಲಾಯಿತು. ಒಂದು ಮನೆಯ ಮಗುವಿನ ಬೇರೆ ಬೇರೆ ವಯಸ್ಸಿನ ಚಿತ್ರಗಳನ್ನು ನೋಡಿ ಅಷ್ಟೂ ಬೇರೆ ಕುಟುಂಬಗಳೆಂದು ಬರೆದಿಟ್ಟಂತೆ ಆಗಿತ್ತು ಕೊರ್ಡಾನ ಸ್ಥಿತಿ. ಉತ್ತರ ಕೊಡಲು ಆತನಿಗೆ ಅವಕಾಶ ಸಿಗಲಿಲ್ಲ. ಅದೇ 1849ರಲ್ಲಿ, ಅಮೆರಿಕದ ಟೆಕ್ಸಸ್‌ನಿಂದ ಮರಳುವಾಗ ಸಮುದ್ರದಲ್ಲಿ ಅಸುನೀಗಿದ. ಆಗ ಆತನಿಗೆ ನಲವತ್ತರ ಆಸುಪಾಸು.

ಹಾಗೆಂದು ಕೊರ್ಡಾನ ಹೆಸರುಗಳೆಲ್ಲ ಅಳಿದುಹೋದವು ಎಂದುಕೊಳ್ಳಬಾರದು. ಕೊನೊಕೊರಿಫೆ, ಟೈಕೊಪೇರಿಯಾ, ಪ್ಲಾಕೊಪೇರಿಯಾ ಮುಂತಾದ ಜಾತಿಗಳ ಎದುರು ಇಂದಿಗೂ ಹಾವ್ಲೆ ಮತ್ತು ಕೊರ್ಡಾ, 1847 ಎಂದೇ ಬರೆಯಬೇಕು. ಲೊಡೆನಿಸೆ ಎಂಬಲ್ಲಿನ ಕಲ್ಲಿನಲ್ಲಿ ಸಾವಿರಾರು ಸಂಖ್ಯೆಯಲ್ಲಿ ದೊರೆಯುವ ಒಂದು ಟ್ರೈಲೋಬೈಟ್‌ನ ಕತೆ ಇನ್ನೂ ಸ್ವಾರಸ್ಯಕರ. ಬರಾಂದ್ 1846ರಲ್ಲಿ ಅದನ್ನು ಅರೆಥೂಸಾ ಜಾತಿಯಲ್ಲಿಟ್ಟು, ಬೆಲ್ಜಿಯಂನ ವಿದ್ವಾಂಸ ಡಿ ಕೊನಿಂಕ್‌ನ ಗೌರವಾರ್ಥ ಪ್ರಭೇದಕ್ಕೆ ಕೊನಿಂಕಿ ಎಂದು ಹೆಸರಿಟ್ಟ. ಆದರೆ ಅರೆಥೂಸಾ ಎಂಬ ಹೆಸರು ಅದಾಗಲೇ ಬೇರೊಂದು ಜೀವಿಗೆ ಸಂದುಹೋಗಿತ್ತು. ತಪ್ಪು ತಿಳಿದು 1852ರಲ್ಲಿ ಅರೆಥೂಸಿನಾ ಎಂದು ಬದಲಿಸಿದ. ಅಷ್ಟರಲ್ಲಿ, 1847ರಲ್ಲಿ, ಕೊರ್ಡಾ ಅದನ್ನೇ ಆಲಕೊಪ್ಲೂರಾ ಎಂದು ಕರೆದಾಗಿತ್ತು! ನಿಯಮದ ಪ್ರಕಾರ ಜಾತಿಯ ಹೆಸರು ಕೊರ್ಡಾನದು, ಪ್ರಭೇದದ ಹೆಸರು ಬರಾಂದ್‌ನದು. ಇಂದು ಅದು ಆಲಕೊಪ್ಲೂರಾ ಕೊನಿಂಕಿ. ಮೂಲ ಜಾತಿಯಿಂದ ಸ್ಥಳಾಂತರಗೊಂಡ ಗುರುತಿಗಾಗಿ ಬರಾಂದ್‌ನ ಹೆಸರು ಆವರಣ ಚಿಹ್ನೆಯೊಳಗೆ. ಬದುಕಿದ್ದಾಗ ಒಬ್ಬರನ್ನೊಬ್ಬರು ಸಹಿಸದಿದ್ದವರು ಒಂದೇ ಹೆಸರಿನಲ್ಲಿ ಒಟ್ಟಿಗೆ ಇರಬೇಕಾಗಿ ಬಂದಿದೆ.

ಬರಾಂದ್‌ನಿಂದಲೂ ಅದೇ ತಪ್ಪು ನಡೆದಿತ್ತು. 1846ರಲ್ಲಿ ಉಬ್ಬಿದ ತಲೆಯ ಪುಟಾಣಿ ಟ್ರೈಲೋಬೈಟ್‌ಗಳಿಗೆ ಆತ ಹೈಡ್ರೊಸೆಫಾಲಸ್ ಎಂಬ ಹೊಸ ಜಾತಿಯನ್ನು ಕಟ್ಟಿಕೊಟ್ಟ. ಅವು ಪ್ಯಾರಾಡಾಕ್ಸೈಡಿಸ್ ಬಳಗದ ದೊಡ್ಡ ಟ್ರೈಲೋಬೈಟ್‌ಗಳ ಮರಿಗಳೆಂಬುದನ್ನು ನಂತರದವರು ತೋರಿಸಿಕೊಟ್ಟರು.

ಇಪ್ಪತ್ತೆರಡು ಸಂಪುಟ

1852ರಲ್ಲಿ ಮಧ್ಯ ಬೊಹೆಮಿಯಾದ ಸೈಲೂರಿಯನ್ ವ್ಯವಸ್ಥೆ ಕುರಿತ ಮಹಾಗ್ರಂಥದ ಮೊದಲ ಸಂಪುಟ ಬಂತು. ವಿಷಯ ಟ್ರೈಲೋಬೈಟ್. ಭಾಷೆ ಫ್ರೆಂಚ್, ಪ್ರಕಾಶಕ ಸ್ವತಃ ಲೇಖಕ, ಧನಸಹಾಯ ಹಳೆಯ ಶಿಷ್ಯ ಶಾಂಬೋರ್‌ನ ಕೌಂಟ್‌ನದು. ಫ್ರಾನ್ಸಿನ ಗದ್ದುಗೆ ಏರುವ ಕನಸು ಕಾಣುತ್ತಲೇ ಉಳಿದ ಆ ರಾಜಕುಮಾರ, ಎಂದೂ ಆಳಲಾಗದ ದೇಶಕ್ಕಿಂತ ಹೆಚ್ಚಿನ ಉಪಕಾರವನ್ನು ಪರದೇಶದ ಕಲ್ಲುಗಳಿಗೆ ಮಾಡಿದ ಎಂದರೆ ತಪ್ಪಾಗಲಾರದು. 1881ರ ವೇಳೆಗೆ ಸಂಪುಟಗಳ ಸಂಖ್ಯೆ 22ಕ್ಕೆ ಏರಿತು. ಕಲ್ಲಚ್ಚಿನ ಚಿತ್ರಫಲಕಗಳೇ ಸಾವಿರಕ್ಕೂ ಹೆಚ್ಚು, ವಿವರಿಸಲಾದ ಪ್ರಭೇದಗಳು ಮೂರೂವರೆ ಸಾವಿರದಷ್ಟು. ಲಂಡನ್ನಿನ ಜಿಯಾಲಜಿಕಲ್ ಸೊಸೈಟಿ 1857ರಲ್ಲಿಯೇ ತನ್ನ ಅತ್ಯುನ್ನತ ಗೌರವವಾದ ವುಲ್ಲಾಸ್ಟನ್ ಪದಕವನ್ನು ಆತನಿಗೆ ನೀಡಿತ್ತು.

ಹೆಸರಿಡುವುದರಲ್ಲಿ ಗೆದ್ದಷ್ಟು ಬರಾಂದ್ ವರ್ಗೀಕರಣದಲ್ಲಿ ಗೆಲ್ಲಲಿಲ್ಲ. ಪಕ್ಕೆಯ ಫಲಕಗಳ ಮೇಲೆ ತೋಡು ಇರುವವು ಒಂದು ಸಾಲು, ಉಬ್ಬುಪಟ್ಟಿ ಇರುವವು ಇನ್ನೊಂದು ಸಾಲು ಎಂದು ಆತ ವಿಂಗಡಿಸಿದ. ಕಪಾಟಿನಲ್ಲಿ ಜೋಡಿಸಿಡಲು ಅನುಕೂಲವಾಗಿದ್ದ ಈ ಪದ್ಧತಿ ರಕ್ತಸಂಬಂಧವನ್ನು ತೋರಿಸುತ್ತಿರಲಿಲ್ಲ. ತೋರಿಸಬೇಕೆಂಬ ಇಚ್ಛೆಯೂ ಆತನಿಗಿರಲಿಲ್ಲ. ಪ್ರಭೇದಗಳು ಸ್ಥಿರವಾದವು, ಒಂದರಿಂದ ಇನ್ನೊಂದು ಹುಟ್ಟುವುದಿಲ್ಲ ಎಂಬ ಕುವಿಯೇ ಕಾಲದ ನಂಬಿಕೆಯನ್ನು ಆತ ಕೊನೆಯವರೆಗೂ ಬಿಡಲಿಲ್ಲ. 1871ರಲ್ಲಿ ವಿಕಾಸವಾದವನ್ನು ಪಳೆಯುಳಿಕೆಗಳ ಲೆಕ್ಕದಿಂದಲೇ ಪರೀಕ್ಷೆಗೊಡ್ಡುವ ಪುಸ್ತಕವನ್ನೂ ಬರೆದ. ಅತ್ಯಂತ ಹಳೆಯ ಸ್ತರಗಳಲ್ಲಿ ಸರಳ ಜೀವಿಗಳು ತುಂಬಿರಬೇಕಿತ್ತು, ಆದರೆ ಅಲ್ಲಿರುವುದು ಕಣ್ಣು, ಕಾಯ ಎಲ್ಲ ಇರುವ ಟ್ರೈಲೋಬೈಟ್‌ಗಳೇ ಎಂಬುದು ಆತನ ವಾದದ ತಿರುಳು. ಪ್ರಶ್ನೆ ಬಲವಾದದ್ದೇ. ಟ್ರೈಲೋಬೈಟ್‌ಗಳಿಗಿಂತ ಹಿಂದಿನ ಮೆದುದೇಹದ ಜೀವಿಗಳ ಕುರುಹುಗಳನ್ನು ಗುರುತಿಸಲು ವಿಜ್ಞಾನಕ್ಕೆ 20ನೆಯ ಶತಮಾನವೇ ಬೇಕಾಯಿತು. ಇತ್ತ ಡಾರ್ವಿನ್ 1859ರ ತನ್ನ ಗ್ರಂಥದಲ್ಲಿ ಬರಾಂದ್‌ನ ಸಂಶೋಧನೆಗಳನ್ನು ಮತ್ತೆ ಮತ್ತೆ ಪ್ರಸ್ತಾಪಿಸುತ್ತಾನೆ.

ಇನ್ನೊಂದು ಹಟ ಆತನಿಗೆ ದುಬಾರಿಯಾಯಿತು. ಪ್ರಾಗ್ ಸುತ್ತಲಿನ ಹಳೆಯ ಸ್ತರಗಳ ನಡುವೆ ಅಲ್ಲಲ್ಲಿ ಹೊಸ ಕಾಲದ ಪಳೆಯುಳಿಕೆಗಳು ತೇಪೆ ಹಾಕಿದಂತೆ ಸಿಗುತ್ತಿದ್ದವು. ಬೇರೆ ಸಮುದ್ರಗಳಲ್ಲಿ ಮೊದಲೇ ಹುಟ್ಟಿದ ಜೀವಿಗಳು ಇಲ್ಲಿಗೆ ವಲಸೆ ಬಂದು, ಕೆಲಕಾಲ ನೆಲೆಸಿ ಅಳಿದು, ಮತ್ತೆ ಬಂದವು ಎಂಬುದು ಬರಾಂದ್‌ನ ವಿವರಣೆ. ಇಂಥ ತೇಪೆಗಳನ್ನು ಆತ ಕಾಲೊನಿಗಳೆಂದು ಕರೆದ. ತಾನೂ ವಲಸಿಗನಾದವನಿಗೆ ಈ ವಿಚಾರ ಹೊಳೆದದ್ದು ಆಶ್ಚರ್ಯವಲ್ಲವೇನೋ. ಪ್ರಾಗ್‌ನ ಯಾನ್ ಕ್ರೇಯ್ಚಿ, ಆಸ್ಟ್ರಿಯಾದ ಸರ್ವೇಕ್ಷಣಾಲಯದ ಲಿಪೋಲ್ಡ್ ಮುಂತಾದವರು ಬೇರೆಯೇ ಮಾತು ಹೇಳಿದರು. ಭೂಮಿಯ ಒತ್ತಡಕ್ಕೆ ಸ್ತರಗಳು ಬಿರುಕುಬಿಟ್ಟು, ಮಡಚಿ, ಮೇಲಿನ ಹೊಸ ಪದರ ಕೆಳಗಿನ ಹಳೆಯ ಪದರದೊಳಗೆ ಸಿಕ್ಕಿಕೊಂಡಿದೆ, ಅಷ್ಟೇ ಎಂದರು. ಬರಾಂದ್ 1861ರಿಂದ 1881ರವರೆಗೆ ಕಾಲೊನಿಗಳ ಸಮರ್ಥನೆಗೆಂದೇ ಐದು ಪುಸ್ತಕ ಬರೆದ. ಒಂದು ಕಾಲೊನಿಗೆ ವಿರೋಧಿಯಾದ ಕ್ರೇಯ್ಚಿಯ ಹೆಸರನ್ನೇ ಇಟ್ಟದ್ದುಂಟು! ಆದರೆ 1880ರಲ್ಲಿ ಇಂಗ್ಲೆಂಡಿನ ಜಾನ್ ಮಾರ್ ಸ್ಥಳಕ್ಕೆ ಬಂದು ಪರಿಶೀಲಿಸಿ, ಬಿರುಕುಗಳ ವಾದವೇ ಸರಿಯೆಂದು ಬರೆದ. ಎಂಬತ್ತರ ಬರಾಂದ್ ಒಪ್ಪಲಿಲ್ಲ. ಕಾಲ ಮಾತ್ರ ವಿರೋಧಿಗಳ ಪಕ್ಷ ವಹಿಸಿತು.

ಆತನ ಸಾವೂ ರಾಜನಿಷ್ಠೆಯ ಹಾದಿಯಲ್ಲೇ ಬಂತು. 1883ರ ಆಗಸ್ಟ್ 24ರಂದು ಶಾಂಬೋರ್‌ನ ಕೌಂಟ್ ಆಸ್ಟ್ರಿಯಾದ ಫ್ರೋಸ್‌ಡಾರ್ಫ್‌ನ ಅರಮನೆಯಲ್ಲಿ ತೀರಿಕೊಂಡ. ಆತನ ಆಸ್ತಿಯ ವ್ಯವಹಾರ ನೋಡಿಕೊಳ್ಳುತ್ತಿದ್ದ ಬರಾಂದ್ 84ರ ಇಳಿವಯಸ್ಸಿನಲ್ಲಿ ಅಲ್ಲಿಗೆ ತೆರಳಿ, ಕಾಯಿಲೆ ಬಿದ್ದು, ಅಕ್ಟೋಬರ್ 5ರಂದು ಕೊನೆಯುಸಿರೆಳೆದ. ಸಮೀಪದ ಲಾಂಜೆನ್‌ಕಿರ್ಹೆನ್‌ನಲ್ಲಿ ಆತನ ಸಮಾಧಿಯಿದೆ. ಸಂಗ್ರಹ, ಗ್ರಂಥಾಲಯಗಳನ್ನೆಲ್ಲ ಪ್ರಾಗ್‌ನ ವಸ್ತುಸಂಗ್ರಹಾಲಯಕ್ಕೆ ಬರೆದಿಟ್ಟಿದ್ದ, ಜತೆಗೆ ಕೆಲಸ ಮುಂದುವರಿಸಲು ಹಣವನ್ನೂ. ಆ ಹಣದಿಂದ ಉಳಿದ ಸಂಪುಟಗಳು 20ನೆಯ ಶತಮಾನದ ಆರಂಭದವರೆಗೂ ಬರುತ್ತಲೇ ಇದ್ದವು.

ವರ್ಗೀಕರಣದ ಕತೆ ಆತನೊಂದಿಗೆ ಮುಗಿಯಲಿಲ್ಲ. 1897ರಲ್ಲಿ ಅಮೆರಿಕದ ಚಾರ್ಲ್ಸ್ ಬೀಚರ್, ಪೊರೆ ಕಳಚುವಾಗ ತಲೆಯ ಕವಚ ಬಿಚ್ಚಿಕೊಳ್ಳುವ ಗೆರೆ ಎಲ್ಲಿ ಹಾಯುತ್ತದೆ ಎಂಬುದರ ಮೇಲೆ ಹೊಸ ಗಣಗಳನ್ನು ರಚಿಸಿದ. ಮರಿಯ ಬೆಳವಣಿಗೆಯ ಹಂತಗಳಲ್ಲಿ ವಂಶದ ಚರಿತ್ರೆಯನ್ನು ಓದಬಹುದೆಂಬುದು ಆತನ ನಂಬಿಕೆ. ಆ ಹಂತಗಳನ್ನು ಮೊದಲು ಜೋಡಿಸಿಟ್ಟವನು ವಿಕಾಸವಾದವನ್ನೇ ಒಪ್ಪದ ಬರಾಂದ್! ಬೀಚರ್‌ನ ಪದ್ಧತಿಯೂ ಪೂರ್ತಿ ಉಳಿಯಲಿಲ್ಲ. ಇಂದು ಇಪ್ಪತ್ತು ಸಾವಿರಕ್ಕೂ ಮಿಕ್ಕಿ ಪ್ರಭೇದಗಳು ಹತ್ತರ ಆಸುಪಾಸಿನ ಗಣಗಳಲ್ಲಿ ಹಂಚಿಹೋಗಿವೆ, ಗಣಗಳ ಗಡಿಗಳ ಬಗ್ಗೆ ಚರ್ಚೆ ನಡೆದೇ ಇದೆ.

ಭಾರತದ ಪಾಲೂ ಇದರಲ್ಲಿದೆ. ಹಿಮಾಚಲದ ಸ್ಪಿತಿ ಕಣಿವೆಯಲ್ಲಿ ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣೆಯ ಹೇಡನ್ ಸಂಗ್ರಹಿಸಿದ ಟ್ರೈಲೋಬೈಟ್‌ಗಳನ್ನು 1910ರಲ್ಲಿ ಕೌಪರ್ ರೀಡ್ ವಿವರಿಸಿದ. ಅದಕ್ಕೂ ಮುನ್ನ, ಈಗ ಪಾಕಿಸ್ತಾನದಲ್ಲಿರುವ ಉಪ್ಪಿನ ಬೆಟ್ಟಸಾಲಿನ ಟ್ರೈಲೋಬೈಟ್‌ಗೆ 1899ರಲ್ಲಿ ಕಾರ್ಲ್ ರೆಡ್ಲಿಖ್ ಕೊಟ್ಟ ಜಾತಿಯ ಹೆಸರು ಮೊದಲೇ ಬೇರೆ ಜೀವಿಗೆ ಬಳಕೆಯಾಗಿತ್ತು. 1902ರಲ್ಲಿ ಅದನ್ನು ಬದಲಿಸಿ ರೆಡ್ಲಿಖಿಯಾ ಎಂದು ಕರೆಯಲಾಯಿತು. ಅರೆಥೂಸಾದ ಅನುಭವವೇ ಇಲ್ಲಿಯೂ.

ಬರಾಂದ್ ಅಗೆಸಿದ ನೆಲವನ್ನು ಭೂವಿಜ್ಞಾನಿಗಳು ಬರಾಂಡಿಯನ್ ಎಂದು ಕರೆಯುತ್ತಾರೆ. ಸೈಲೂರಿಯನ್ ಮುಗಿದು ಡೆವೋನಿಯನ್ ಆರಂಭವಾಗುವ ಗಡಿಯನ್ನು ಜಗತ್ತಿಗೆಲ್ಲ ಅನ್ವಯಿಸುವಂತೆ ಒಂದು ಕಡೆ ಗುರುತಿಸಬೇಕೆಂದಾಗ, 1972ರಲ್ಲಿ ಅಂತರರಾಷ್ಟ್ರೀಯ ಭೂವಿಜ್ಞಾನ ಸಮ್ಮೇಳನ ಆಯ್ದುಕೊಂಡದ್ದು ಇದೇ ಪ್ರದೇಶದ ಕ್ಲೊಂಕ್ ಎಂಬ ಗುಡ್ಡವನ್ನು. ಭೂ ಇತಿಹಾಸದ ಕಾಲಗಡಿಯೊಂದಕ್ಕೆ ಹೀಗೆ ಜಾಗತಿಕ ಮಾನದಂಡದ ಸ್ಥಳ ಗೊತ್ತುಮಾಡಿದ್ದು ಅದೇ ಮೊದಲು. ಅಲ್ಲಿನ ಪದರಗಳನ್ನು ಗುರುತಿಸಲು ನೆರವಾಗುವ ಪಳೆಯುಳಿಕೆಗಳಲ್ಲಿ ಒಂದು ಟ್ರೈಲೋಬೈಟ್ ಕೂಡ ಇದೆ.